ಗ್ಲೋರಿಯಾ ಸ್ಟಬ್ಸ್ ಸುಲಿದ ಆಲೂಗಡ್ಡೆ

ವಾಟರ್‌ಫುಟ್, ಲ್ಯಾಂಕಶೈರ್
೮ ಅಕ್ಟೋಬರ್ ೧೯೬೫

ಪ್ರೀತಿಯ ಹೇಝಲ್,

ನಿನ್ನನ್ನು ಟಿವಿಯಲ್ಲಿ ನೋಡಿದೆವು. ನಾನೊಬ್ಬಳೇ ಅಲ್ಲ, ಇಡೀ ಬೀದಿಯೇ ನೋಡಿತು. ಬಾಡಿಗೆ ಟಿವಿ ಮನೆಗೆ ಬಂದು ವಾರವಾಗಿಲ್ಲ, ಆಗಲೇ ನನ್ನ ಮುಂದಿನ ಕೋಣೆ ಬಸ್ ನಿಲ್ದಾಣವಾಗಿದೆ. ಮಂಗಳವಾರ ಏಳೂವರೆಗೆ ನಿಮ್ಮ ‘ಲಾಂಡ್ರಿ ಲೇನ್’ ಧಾರಾವಾಹಿ ಶುರುವಾಗುವ ಹೊತ್ತಿಗೆ ಹದಿಮೂರು ಜನ ಸೇರಿದ್ದರು. ಪಕ್ಕದ ಮನೆ ಡೋರಾ ಬಾರ್ನ್ಸ್ ತನ್ನ ಕುರ್ಚಿ ತಾನೇ ಹೊತ್ತುಕೊಂಡು ಬಂದಳು. ಕುರ್ಚಿ ಇನ್ನೂ ಇಲ್ಲೇ ಇದೆ. ವಾಪಸು ಒಯ್ಯುವ ಲಕ್ಷಣ ಕಾಣುವುದಿಲ್ಲ.

ನೀನು ಬಂದದ್ದು ನಾಲ್ಕೇ ನಿಮಿಷ. ಆ ಕೋಟಿನ ಮೇಲಿನ ಗುಂಡಿ ಕಿತ್ತುಹೋಗಿತ್ತು, ಲಂಡನ್ನಿನಂಥ ಊರಿನಲ್ಲಿ ಒಂದು ಗುಂಡಿ ಹೊಲಿಯುವವರು ಯಾರೂ ಇಲ್ಲವೇ? ಕೂದಲಂತೂ ಬಾಚಣಿಗೆಯನ್ನೇ ನೋಡದ ಹಾಗಿತ್ತು. ಅದೆಲ್ಲ ಹೋಗಲಿ, ಆ ಆಲೂಗಡ್ಡೆ! ಅಷ್ಟು ದಪ್ಪ ಸಿಪ್ಪೆ ತೆಗೆದರೆ ಪಾತ್ರೆಗೆ ಏನು ಹಾಕುತ್ತೀಯ? ಚಾಕುವಿನ ಬಾಯಿ ಹೆಬ್ಬೆರಳಿನ ಕಡೆಗೆ ತಿರುಗಿಸಬೇಡ ಅಂತ ನೀನು ಎಂಟು ವರ್ಷದವಳಿದ್ದಾಗಿನಿಂದ ಬಡಿದುಕೊಂಡಿದ್ದೇನೆ. ಈಗ ದೇಶವೇ ನೋಡಿತು. ಕಾರ್ಖಾನೆಯಲ್ಲಿ ಮಾರನೆಯ ದಿನ, ಚಪ್ಪಲಿಗಳ ಮೇಲೆ ಉಣ್ಣೆಯುಂಡೆಯ ಪಾಮ್‌ಪಾಮ್ ಹೊಲಿಯುವ ಮೇಜಿನಲ್ಲಿ ಅದೇ ಮಾತು, “ಎಥೆಲ್, ಮಗಳಿಗೆ ಆಲೂಗಡ್ಡೆ ಸುಲಿಯೋದು ಕಲಿಸ್ಲಿಲ್ವೇನೇ?”

ಹೇಗೆ ಮಾಡಿದೆ ಅಂತ ನನ್ನನ್ನು ಕೇಳಬೇಡ. ನನಗೆ ನಾಟಕ ಗೊತ್ತಾಗುವುದಿಲ್ಲ.

ಒಂದು ಸುದ್ದಿ ಇದೆ. ನಮ್ಮ ಚಾಪೆಲಿನ ಮಿಸೆಸ್ ಕ್ಲೆಗ್ ಇದ್ದಾರಲ್ಲ, ಗುಲಾಬಿ ರಾಣಿ ಸಮಿತಿಯವರು, ಅವರೇ ಸ್ವತಃ ಮನೆಗೆ ಬಂದಿದ್ದರು. ಟೋಪಿ ಹಾಕಿಕೊಂಡು! ಬರುವ ಜೂನಿನ ಚಾಪೆಲ್ ಹಬ್ಬದಲ್ಲಿ, ಊರಿನ ಹುಡುಗಿಯರಲ್ಲಿ ಆರಿಸಿದ ಗುಲಾಬಿ ರಾಣಿಗೆ ಕಿರೀಟ ತೊಡಿಸುವುದಕ್ಕೆ ನೀನು ಬರಬೇಕಂತೆ. ಹೋದ ಸಲ ಮೇಯರ್ ಹೆಂಡತಿ ತೊಡಿಸಿದ್ದರು, ಈ ಸಲ ನೀನು. ಮೂವತ್ತು ವರ್ಷದಿಂದ ಆ ಹುಡುಗಿಯರ ಬೆನ್ನ ಹಿಂದೆ ನೆಲಕ್ಕೆ ಎಳೆಯುವ ವೆಲ್ವೆಟ್ ಹಿಂಜೋಲು ಹೊಲಿದುಕೊಟ್ಟಿದ್ದೇನೆ, ಒಂದು ದಿನವೂ ಆ ಹೆಂಗಸು ನನ್ನ ಮನೆಯಲ್ಲಿ ಟೀ ಕುಡಿದವಳಲ್ಲ. ನೀನು ಹನ್ನೊಂದು ವರ್ಷದವಳಿದ್ದಾಗ ನಿನ್ನನ್ನು ರಾಣಿ ಮಾಡಲಿಲ್ಲ, ಹನ್ನೆರಡಕ್ಕೂ ಮಾಡಲಿಲ್ಲ. ನಿಮ್ಮಪ್ಪ ಪಬ್ಬಿನ ಮೆಟ್ಟಿಲ ಮೇಲೆ ಕೂತು ಹಾಡುತ್ತಿದ್ದ, ಅದಕ್ಕೆ. ಬಾಯಿಬಿಟ್ಟು ಯಾರೂ ಹೇಳಲಿಲ್ಲ, ಆದರೆ ಅದಕ್ಕೇ. ಈಗ ಎರಡು ಕಪ್ ಟೀ ಕುಡಿದು ಹೋದಳು. ನಾನು ಒಪ್ಪಿಕೊಂಡಿದ್ದೇನೆ. ಜೂನ್ ಹದಿನೆಂಟು, ಶನಿವಾರ. ಬರೆದಿಟ್ಟುಕೋ.

ನಿನ್ನ ಅಮ್ಮ,
ಎಥೆಲ್ ಪಿಲಿಂಗ್


ಹ್ಯಾಮರ್‌ಸ್ಮಿತ್, ಲಂಡನ್
೧೭ ಅಕ್ಟೋಬರ್ ೧೯೬೫

ಪ್ರೀತಿಯ ಅಮ್ಮ,

ಸ್ವಂತ ಮಗಳಿಗೆ ಬರೆಯುವ ಪತ್ರದಲ್ಲಿ ‘ಎಥೆಲ್ ಪಿಲಿಂಗ್’ ಅಂತ ಪೂರ್ತಿ ಸಹಿ ಹಾಕುವವರು ಈ ದೇಶದಲ್ಲಿ ನೀನೊಬ್ಬಳೇ ಇರಬೇಕು.

ಆ ನಾಲ್ಕು ನಿಮಿಷಕ್ಕೆ ನಾಲ್ಕು ದಿನ ತಾಲೀಮು ಆಗಿತ್ತು. ಒಂದು ಚರ್ಚಿನ ಹಾಲಿನಲ್ಲಿ ನೆಲಕ್ಕೆ ಬಣ್ಣದ ಟೇಪು ಅಂಟಿಸಿ ಇದು ಬಾಗಿಲು, ಇದು ಒಲೆ, ಇದು ಕಥೆಯ ನೆಲ್ಲಿಯ ಮನೆ ಅಂದುಕೊಳ್ಳುತ್ತೇವೆ. ಗುಂಡಿ ಕಿತ್ತದ್ದು ಬೇಕೆಂದೇ, ಕೂದಲು ಕೆದರಿದ್ದೂ ಬೇಕೆಂದೇ. ಆಲೂಗಡ್ಡೆ ಮಾತ್ರ ಯಾರೂ ಹೇಳಿರಲಿಲ್ಲ. ಸುಮ್ಮನೆ ನಿಂತು ಮಾತಾಡಲು ನನಗೆ ಬರುವುದಿಲ್ಲ, ಕೈಗೆ ಏನಾದರೂ ಕೊಡಿ ಅಂತ ನಾನೇ ಕೇಳಿದೆ. ನನ್ನ ಪಾತ್ರ, ಗ್ಲೋರಿಯಾ ಸ್ಟಬ್ಸ್, ಹಾಗೇ ಸುಲಿಯುತ್ತಾಳೆ ಅಮ್ಮ. ಅವಳಿಗೆ ಯಾರೂ ಕಲಿಸಿಲ್ಲ.

ತಮಾಷೆ ಕೇಳು. ನಟನೆಯ ಶಾಲೆಯಲ್ಲಿ ಮೂರು ವರ್ಷ ನನ್ನ ಬಾಯಿಂದ ವಾಟರ್‌ಫುಟ್ ಮಾತನ್ನು ತೊಳೆದು ಹಾಕಿದರು. ಆಮೇಲೆ ಎರಡು ವರ್ಷ ಒಂದು ಕೆಲಸವೂ ಸಿಗಲಿಲ್ಲ. ಈ ಕೆಲಸ ಸಿಕ್ಕಿದ್ದು ಡೋರಾ ಬಾರ್ನ್ಸ್ ಹಾಗೆ ಮಾತಾಡಿ ತೋರಿಸಿದ್ದಕ್ಕೆ. ಅವಳಿಗೆ ಹೇಳಬೇಡ.

ಜೂನಿಗೆ ಬರುತ್ತೇನೆ. ಮಿಸೆಸ್ ಕ್ಲೆಗ್ ನಿನ್ನ ಮನೆಯಲ್ಲಿ ಟೀ ಕುಡಿದಳು ಅನ್ನುವುದಕ್ಕಾದರೂ ಬರುತ್ತೇನೆ.

ಒಂದು ಮಾತು ಮೊದಲೇ ಹೇಳಿಬಿಡುತ್ತೇನೆ. ನವೆಂಬರ್ ಕೊನೆಗೆ ಗ್ಲೋರಿಯಾ ಒಂದು ಕೆಲಸ ಮಾಡುತ್ತಾಳೆ. ಅದು ಕಥೆ ಬರೆಯುವವರು ಬರೆದದ್ದು. ನನಗೂ ಅದಕ್ಕೂ ಸಂಬಂಧವಿಲ್ಲ. ನೆನಪಿರಲಿ.

ಪ್ರೀತಿಯಿಂದ,
ಹೇಝಲ್


ವಾಟರ್‌ಫುಟ್
೧೨ ಡಿಸೆಂಬರ್ ೧೯೬೫

ಹೇಝಲ್,

ಸಂಬಂಧವಿಲ್ಲವಂತೆ! ನಿನಗಿಲ್ಲದಿರಬಹುದು. ಇಲ್ಲಿ ಬೀದಿಯಲ್ಲಿ ಓಡಾಡಬೇಕಾದವಳು ನಾನು.

ಬೇರೆ ಗಂಡಸೇ ಸಿಗಲಿಲ್ಲವೇ ನಿಮ್ಮ ಕಥೆಯವರಿಗೆ? ನೆಲ್ಲಿಯ ಗಂಡನೇ ಆಗಬೇಕಿತ್ತೇ? ಕಾಲು ಸರಿಯಿಲ್ಲದ ನೆಲ್ಲಿ, ಆರು ವರ್ಷದಿಂದ ಆ ಧಾರಾವಾಹಿಯಲ್ಲಿ ಎಲ್ಲರ ಕಷ್ಟಕ್ಕೂ ಕೇಕು ಮಾಡಿಕೊಂಡು ಹೋಗುವ ನೆಲ್ಲಿ! ಅವಳು ಆಸ್ಪತ್ರೆಯಲ್ಲಿ ಮಲಗಿದ್ದಾಗ ನೀನು ಅವಳ ಅಡುಗೆಮನೆಯಲ್ಲಿ, ಅವಳದೇ ಏಪ್ರನ್ ಕಟ್ಟಿಕೊಂಡು, ಆರ್ಥರನ ಜೊತೆ! ಮುತ್ತು ಕೊಟ್ಟದ್ದು ಇರಲಿ, ಆ ಏಪ್ರನ್ ಯಾಕೆ ಕಟ್ಟಿಕೊಂಡೆ? ಮುಗಿದ ಮೇಲೆ ನನ್ನ ಕೋಣೆಯಲ್ಲಿದ್ದ ಹದಿಮೂರು ಜನರೂ ಒಬ್ಬೊಬ್ಬರೇ ಎದ್ದು ಹೋದರು. ಡೋರಾ ಕುರ್ಚಿ ಎತ್ತಿಕೊಂಡು ಹೋದಳು.

ಮಾರನೆಯ ದಿನದಿಂದ ಶುರುವಾಯಿತು. ಮೀನಿನ ಅಂಗಡಿಯ ಟ್ಯಾಟರ್ಸಾಲ್ ನನಗೆ ಬಾಲದ ತುಂಡು ಕೊಟ್ಟ. ಇಪ್ಪತ್ತು ವರ್ಷದಿಂದ ನಡು ತುಂಡು ಕೊಡುತ್ತಿದ್ದವನು! “ಏನ್ರೀ ಇದು?” ಅಂದೆ. “ಇವತ್ತು ಇರೋದು ಇದೇ ಮಿಸೆಸ್ ಪಿಲಿಂಗ್” ಅಂದ. ನನ್ನ ಹಿಂದೆ ನಿಂತವಳಿಗೆ ನಡು ತುಂಡೇ ಹೋಯಿತು, ಕಣ್ಣಾರೆ ನೋಡಿದೆ. ಕಾರ್ಖಾನೆಯಲ್ಲಿ ಪಾಮ್‌ಪಾಮ್ ಮೇಜಿನವರು ಊಟದ ಹೊತ್ತಿಗೆ ನನಗೆ ಜಾಗ ಹಿಡಿದಿಡುವುದನ್ನು ಬಿಟ್ಟಿದ್ದಾರೆ. “ಅವಳು ನನ್ನ ಮಗಳು ಕಣ್ರೇ, ಹೇಝಲ್, ಇಲ್ಲೇ ನಿಮ್ಮ ಜೊತೆ ಎರಡು ವರ್ಷ ಡಬ್ಬಿ ಕಟ್ಟಿದವಳು” ಅಂದರೆ, “ಗೊತ್ತು ಎಥೆಲ್, ಅದಕ್ಕೇ ಬೇಜಾರು. ಒಳ್ಳೆ ಹುಡುಗಿ ಆಗಿದ್ಲು” ಅನ್ನುತ್ತಾರೆ. ಇವರಿಗೆ ಏನು ಹೇಳಲಿ? ತಲೆ ಚಚ್ಚಿಕೊಳ್ಳಬೇಕು.

ಕೊನೆಗೆ ಮಿಸೆಸ್ ಕ್ಲೆಗ್ ಬಂದಳು. ಈ ಸಲ ಟೋಪಿ ಇಲ್ಲ, ಒಳಗೂ ಬರಲಿಲ್ಲ. ಹೊಸ್ತಿಲಲ್ಲೇ ನಿಂತು, “ನೋಡಿ ಮಿಸೆಸ್ ಪಿಲಿಂಗ್, ನಮಗೆಲ್ಲಾ ಗೊತ್ತು ಅದು ನಾಟಕ ಅಂತ. ಆದ್ರೆ ಬಿಳಿ ಬಟ್ಟೆ ಹಾಕ್ಕೊಂಡ ಚಿಕ್ಕ ಹುಡುಗಿ ತಲೆ ಮೇಲೆ ಆ ಕೈ ಇಡೋದು ಅಂದ್ರೆ...” ಅಂದಳು. “ಯಾವ ಕೈ?” ಅಂದೆ. ಅವಳು ನನ್ನ ಮುಖ ನೋಡಲಿಲ್ಲ. “ಗ್ಲೋರಿಯಾ ಜೂನ್ ಒಳಗೆ ಸರಿಹೋದ್ರೆ ಸಮಿತಿ ಮತ್ತೆ ಯೋಚಿಸುತ್ತೆ” ಅಂದು ಹೊರಟುಹೋದಳು.

ಆದ್ದರಿಂದ ನೀನು ಆ ಕಥೆ ಬರೆಯುವವರಿಗೆ ಹೇಳು. ಗ್ಲೋರಿಯಾ ನೆಲ್ಲಿಯ ಹತ್ತಿರ ಹೋಗಿ ತಪ್ಪಾಯಿತು ಅನ್ನಲಿ. ಎರಡು ನಿಮಿಷದ ಕೆಲಸ. ನೆಲ್ಲಿ ಒಳ್ಳೆಯವಳು, ಕ್ಷಮಿಸುತ್ತಾಳೆ. ಬೇಕಾದರೆ ಚಾಪೆಲಿಗೂ ಹೋಗಿ ಪ್ರಾರ್ಥನೆ ಮಾಡಲಿ.

ನಿನ್ನ ಅಮ್ಮ,
ಎಥೆಲ್ ಪಿಲಿಂಗ್


ಹ್ಯಾಮರ್‌ಸ್ಮಿತ್
೯ ಜನವರಿ ೧೯೬೬

ಅಮ್ಮ,

ಕ್ರಿಸ್ಮಸ್‌ಗೆ ಬಂದು ಎರಡು ದಿನ ಇದ್ದೆನಲ್ಲ, ಒಂದು ಗಳಿಗೆಯಾದರೂ ಗ್ಲೋರಿಯಾಳನ್ನು ಬಿಟ್ಟು ಬೇರೆ ಮಾತಾಡಿದೆಯಾ? ಬಸ್ ಹತ್ತಿಸುವಾಗಲೂ “ಅವರಿಗೆ ಹೇಳು, ಮರೀಬೇಡ” ಅಂದೆ. ಹೋಗಿ ಬಾ ಅನ್ನಲಿಲ್ಲ.

ಹೇಳಲು ಆಗುವುದಿಲ್ಲ ಅಮ್ಮ. ಎಷ್ಟು ಸಲ ವಿವರಿಸಲಿ? ನಿಮ್ಮ ಕಾರ್ಖಾನೆಯಲ್ಲಿ ಪಾಮ್‌ಪಾಮ್ ಹೊಲಿಯುವವಳು ಮಾಲೀಕನ ಕೋಣೆಗೆ ಹೋಗಿ ಇನ್ನು ಮೇಲೆ ಬೂಟು ಮಾಡೋಣ ಅಂದರೆ ಏನಾಗುತ್ತದೆ? ಕಥೆ ಮೇಲಿನ ಮಹಡಿಯಲ್ಲಿ ಬರೆಯುತ್ತಾರೆ. ನಮಗೆ ಸೋಮವಾರ ಕಾಗದ ಬರುತ್ತದೆ, ಅದರಲ್ಲಿ ಏನಿದೆಯೋ ಅದನ್ನು ಹೇಳುತ್ತೇವೆ.

ಇಲ್ಲೂ ಕಷ್ಟ ಇದೆ, ನಿನಗೊಬ್ಬಳಿಗೇ ಅಲ್ಲ. ಬಸ್ಸಿನಲ್ಲಿ ಒಬ್ಬ ಅಜ್ಜಿ ಕೈಚೀಲದಿಂದ ನನ್ನ ಭುಜಕ್ಕೆ ಬಾರಿಸಿದಳು. “ಇದು ನೆಲ್ಲಿ ಪರವಾಗಿ” ಅಂದಳು. ಇಡೀ ಬಸ್ಸು ಚಪ್ಪಾಳೆ ತಟ್ಟಿತು. ಮನೆಗೆ ಬಂದು ಮೊದಲು ಅತ್ತೆ, ಆಮೇಲೆ ನಗು ಬಂತು. ಆ ಅಜ್ಜಿ ನನ್ನನ್ನು ಹೊಡೆಯಲಿಲ್ಲ ಅಮ್ಮ, ಗ್ಲೋರಿಯಾಳನ್ನು ಹೊಡೆದಳು. ನಾನು ಅಷ್ಟು ಚೆನ್ನಾಗಿ ಮಾಡುತ್ತಿದ್ದೇನೆ ಅಂತ ತಾನೇ ಅರ್ಥ?

ಈಗ ನನ್ನದು ಹದಿಮೂರು ಹದಿಮೂರು ವಾರದ ಕರಾರು. ಮಾರ್ಚಿನಲ್ಲಿ ಮುಂದಿನದನ್ನು ತೀರ್ಮಾನಿಸುತ್ತಾರೆ. ಈ ಸಲ ಪೂರ್ತಿ ಒಂದು ವರ್ಷಕ್ಕೆ ಕೊಡುವ ಮಾತಿದೆ ಅಂತ ನಿರ್ಮಾಪಕ ಲ್ಯಾಥಮ್ ಹೇಳಿದ್ದಾರೆ. ಒಂದು ವರ್ಷ! ಐದು ವರ್ಷದಿಂದ ಇದಕ್ಕೇ ಕಾದಿದ್ದೇನೆ. ನನಗೆ ಬೇರೇನೂ ಬೇಕಿಲ್ಲ. ದಯವಿಟ್ಟು ಮಾರ್ಚ್ ಕಳೆಯುವವರೆಗೆ ಈ ಮಾತು ಎತ್ತಬೇಡ.

ಹೇಝಲ್


ವಾಟರ್‌ಫುಟ್
೧೩ ಫೆಬ್ರವರಿ ೧೯೬೬

ಪ್ರೀತಿಯ ಹೇಝಲ್,

ಎತ್ತಬೇಡ ಅಂದೆ, ಎತ್ತಿಲ್ಲ. ಇದರ ಜೊತೆ ಶುಂಠಿ ಕೇಕು ಕಳಿಸಿದ್ದೇನೆ. ಒಂದು ಜೊತೆ ಚಪ್ಪಲಿಯೂ ಇದೆ, ಒಂದರ ಪಾಮ್‌ಪಾಮ್ ಸ್ವಲ್ಪ ಓರೆ, ಅದಕ್ಕೇ ನಮಗೆ ಬಿಟ್ಟುಕೊಟ್ಟರು. ಮನೆಯೊಳಗೆ ಯಾರು ನೋಡುತ್ತಾರೆ.

ಇಲ್ಲಿ ಹಿಮ ಬಿದ್ದು ಬಸ್ಸು ಮೂರು ದಿನ ನಿಂತಿತ್ತು. ಡೋರಾಳ ಹಲ್ಲು ಎರಡು ಕೀಳಿಸಿದರು. ನನ್ನ ಮೊಣಕಾಲು ಹಾಗೇ ಇದೆ.

ಡೋರಾ ಕೇಳುತ್ತಿದ್ದಳು, ನೋಡುವವರು ಪತ್ರ ಬರೆದರೆ ಟಿವಿಯವರು ನಿಜವಾಗಿ ಓದುತ್ತಾರಾ ಅಂತ. ನನಗೆ ಗೊತ್ತಿಲ್ಲ ಅಂದೆ. ಅವಳಿಗೆ ಮಾಡಲು ಬೇರೆ ಕೆಲಸವಿಲ್ಲ. ಸುಮ್ಮನೆ ಕೇಳಿದೆ, ಅಷ್ಟೇ.

ಚೆನ್ನಾಗಿ ಊಟ ಮಾಡು. ಗುರುವಾರದ ಕಂತಿನಲ್ಲಿ ಬಹಳ ತೆಳ್ಳಗೆ ಕಂಡೆ.

ನಿನ್ನ ಅಮ್ಮ,
ಎಥೆಲ್ ಪಿಲಿಂಗ್


ಹ್ಯಾಮರ್‌ಸ್ಮಿತ್
೬ ಮಾರ್ಚ್ ೧೯೬೬

ಪ್ರೀತಿಯ ಅಮ್ಮ,

ಕೇಕಿಗೆ ಥ್ಯಾಂಕ್ಸ್. ಚಪ್ಪಲಿ ಹಾಕಿಕೊಂಡೇ ಬರೆಯುತ್ತಿದ್ದೇನೆ.

ಡೋರಾಗೆ ಹೇಳು, ಓದುತ್ತಾರೆ. ಬಂದ ಪತ್ರಗಳಲ್ಲಿ ಒಳ್ಳೊಳ್ಳೆಯದನ್ನು ಆರಿಸಿ ಬುಧವಾರ ತಾಲೀಮಿನ ಟೀ ಹೊತ್ತಿಗೆ ಗಟ್ಟಿಯಾಗಿ ಓದುತ್ತಾರೆ. ಈ ವಾರ ಓದಿದ್ದು ‘ಒಬ್ಬ ಮರ್ಯಾದಸ್ಥ ತಾಯಿ, ರೋಚ್‌ಡೇಲ್’ ಅನ್ನುವವರದು. ನನಗೆ ಬಾಯಿಪಾಠ ಆಗಿಹೋಗಿದೆ, ಕೇಳು.

“ಆ ಗ್ಲೋರಿಯಾ ಸ್ಟಬ್ಸ್‌ಳನ್ನು ನೋಡಿದರೆ ಮೈ ಉರಿಯುತ್ತದೆ. ಅವಳು ಬಾಗಿಲಿಗೊರಗಿ ನಕ್ಕರೆ ನನ್ನ ಗಂಡನನ್ನೇ ಕರೆದ ಹಾಗಾಗುತ್ತದೆ, ನನ್ನ ಗಂಡ ಸತ್ತು ಆರು ವರ್ಷವಾಯಿತು. ನೆಲ್ಲಿ ಅತ್ತಾಗ ನನಗೆ ಅಳು ಬರಲಿಲ್ಲ, ಆದರೆ ಈ ಹಾಳಾದವಳು ಅಳದೆ ಕಿಟಕಿಯ ಹತ್ತಿರ ನಿಂತಳಲ್ಲ, ಆಗ ಬಂತು, ಎದ್ದು ಹೋಗಿ ಹಿತ್ತಲಲ್ಲಿ ಅತ್ತೆ. ಇದು ಸರಿಯಲ್ಲ. ಜೂನ್ ಒಳಗೆ ಅವಳು ನೆಲ್ಲಿಯ ಕ್ಷಮೆ ಕೇಳದಿದ್ದರೆ ನಾವು ಐವತ್ತು ಹೆಂಗಸರು ಟಿವಿ ಆರಿಸುತ್ತೇವೆ. ಆಲೂಗಡ್ಡೆಯನ್ನು ಅಷ್ಟು ದಪ್ಪ ಸುಲಿಯುವವಳಿಗೆ ತಾಯಿ ಏನೂ ಹೇಳಿಕೊಟ್ಟಿಲ್ಲ ಅಂತ ಜನ ಅಂದುಕೊಳ್ಳುತ್ತಾರೆ. ಹೇಳಿಕೊಟ್ಟಿರುತ್ತಾಳೆ. ಹುಡುಗಿಯೇ ಕೇಳಿರುವುದಿಲ್ಲ.”

ಡಬ್ಬಿಗಳ ಮೇಲೆ ನಂಬರು ಬರೆಯುವ ಹಾಗೆ ದೊಡ್ಡ ದೊಡ್ಡ ಅಕ್ಷರ. ಎಲ್ಲರೂ ಹೊಟ್ಟೆ ಹಿಡಿದುಕೊಂಡು ನಕ್ಕರು. ನಾನೂ ನಕ್ಕೆ. ಲ್ಯಾಥಮ್ ಮಾತ್ರ ನಗಲಿಲ್ಲ. “ತಾಯಂದಿರು ಟಿವಿ ಆರಿಸ್ತೀವಿ ಅಂದ್ರೆ ಅದು ತಮಾಷೆ ಅಲ್ಲ” ಅಂದು ಪತ್ರವನ್ನು ಮಡಿಚಿ ಫೈಲಿಗೆ ಹಾಕಿಕೊಂಡರು.

ನೀನು ಈಗಲೂ ಶನಿವಾರ ರೋಚ್‌ಡೇಲ್ ಮಾರುಕಟ್ಟೆಗೆ ಹೋಗುತ್ತೀಯಾ?

ಹೇಝಲ್


ವಾಟರ್‌ಫುಟ್
೧೪ ಮಾರ್ಚ್ ೧೯೬೬

ಹೇಝಲ್,

ಇಲ್ಲ. ರೋಚ್‌ಡೇಲ್‌ಗೆ ಹೋಗಿ ವರ್ಷವಾಯಿತು. ಮೊಣಕಾಲು.

ಯಾರೋ ತಲೆಕೆಟ್ಟ ಹೆಂಗಸು ಬರೆದಿರಬೇಕು. ಅದಕ್ಕೆಲ್ಲ ಅವರು ಬೆಲೆ ಕೊಡುವುದಿಲ್ಲ, ಅಲ್ಲವೇ? ಸುಮ್ಮನೆ ಕ್ಷಮೆ ಕೇಳಿಸಿದರೆ ಮುಗಿಯಿತಲ್ಲ.

ಮಾರ್ಚ್ ತೀರ್ಮಾನ ಆದ ತಕ್ಷಣ ಬರೆ. ತಕ್ಷಣ.

ಅಮ್ಮ


ಹ್ಯಾಮರ್‌ಸ್ಮಿತ್
೧೭ ಏಪ್ರಿಲ್ ೧೯೬೬

ಅಮ್ಮ,

ಕರಾರು ಮುಂದುವರಿಸಲಿಲ್ಲ. ಗ್ಲೋರಿಯಾ ಮೇ ಮೂರರಂದು ಕಲ್ಲಿದ್ದಲ ಲಾರಿಗೆ ಸಿಕ್ಕಿ ಸಾಯುತ್ತಾಳೆ. ಐದರಂದು ಮಣ್ಣು. ಅದರಲ್ಲಿ ನಾನಿಲ್ಲ, ಪೆಟ್ಟಿಗೆ ಮಾತ್ರ.

ಪತ್ರಗಳು ಬಹಳ ಬಂದಿದ್ದವಂತೆ. ಕ್ಷಮೆ ಕೇಳಿಸೋಣವೇ ಅಂತ ಯೋಚಿಸಿದರಂತೆ. ಲ್ಯಾಥಮ್ ಹೇಳಿದ್ದು, “ಕ್ಷಮೆ ಕೇಳಿದ ಗ್ಲೋರಿಯಾಳನ್ನ ಇಟ್ಕೊಂಡು ಏನ್ ಮಾಡ್ಲಿ? ಆಮೇಲೆ ಅವಳಿಗೆ ಕೆಲಸ ಏನಿದೆ?”

ಅವರು ಹೇಳಿದ್ದು ಸರಿ.

ಸದ್ಯಕ್ಕೆ ಬರೆಯಬೇಡ.

ಹೇಝಲ್


ವಾಟರ್‌ಫುಟ್
೮ ಮೇ ೧೯೬೬

ಹೇಝಲ್,

ಬರೆಯಬೇಡ ಅಂದಿದ್ದೆ. ಮೂರು ವಾರ ಬರೆಯಲಿಲ್ಲ, ಇನ್ನು ಆಗುವುದಿಲ್ಲ.

ಮಂಗಳವಾರ ನೀನು ಸತ್ತೆ. ನಾನು ನೋಡಲಿಲ್ಲ, ಅಡುಗೆಮನೆಯಲ್ಲಿ ಕೂತಿದ್ದೆ. ಡೋರಾಳೂ ಈಗ ಟಿವಿ ಬಾಡಿಗೆಗೆ ತಂದಿದ್ದಾಳೆ, ಅವಳು ಗೋಡೆಯಾಚೆ ಕಿರುಚಿದ್ದು ಕೇಳಿಸಿತು. ಬುಧವಾರ ಕಾರ್ಖಾನೆಗೆ ಹೋದರೆ ಪಾಮ್‌ಪಾಮ್ ಮೇಜಿನವರೆಲ್ಲ ಎದ್ದು ನಿಂತರು. ಆರು ತಿಂಗಳು ಮುಖ ತಿರುಗಿಸಿದವರು ಒಬ್ಬೊಬ್ಬರಾಗಿ ಬಂದು ನನ್ನ ಕೈ ಹಿಡಿದು, “ಇನ್ನೂ ಚಿಕ್ಕ ವಯಸ್ಸು ಎಥೆಲ್” ಅನ್ನುತ್ತಾರೆ! ಟ್ಯಾಟರ್ಸಾಲ್ ನಡು ತುಂಡು ಎರಡು ಸುತ್ತಿಕೊಟ್ಟ. ಮುಖಕ್ಕೆ ಎಸೆಯೋಣ ಅನ್ನಿಸಿತು.

ಗುರುವಾರ ಸಂಜೆ ಐದೂವರೆಗೆ ಕೆಲಸ ಮುಗಿಸಿ ಬೀದಿ ತಿರುವಿಗೆ ಬಂದೆ. ಹೊಳೆಯುವ ಬಿಸಿಲು, ಆದರೆ ಬೀದಿಯ ಆ ತುದಿಯಿಂದ ಈ ತುದಿಯವರೆಗೆ ಪ್ರತಿ ಮನೆಯ ಮುಂದಿನ ಪರದೆ ಎಳೆದಿತ್ತು. ನಮ್ಮಲ್ಲಿ ಸಾವಾದ ದಿನ ಎಳೆಯುತ್ತಾರಲ್ಲ, ಹಾಗೆ. ಯಾರು ಹೋದರಪ್ಪಾ ಅಂತ ಒಂದೊಂದೇ ಮನೆ ನೋಡುತ್ತಾ ಬಂದೆ. ಡೋರಾ ಕಪ್ಪು ಕೋಟು ಹಾಕಿಕೊಂಡು ಬಾಗಿಲಲ್ಲಿ ನಿಂತಿದ್ದಳು.

“ಯಾರೇ?” ಅಂದೆ.

“ಗ್ಲೋರಿಯಾ ಕಣೇ. ಇವತ್ತಲ್ವಾ ಮಣ್ಣು, ಏಳೂವರೆಗೆ.”

“ಡೋರಾ, ನಿನಗೇನಾಗಿದೆ? ಅದು ಹೇಝಲ್! ಲಂಡನ್ನಿನಲ್ಲಿದ್ದಾಳೆ, ಗಟ್ಟಿಮುಟ್ಟಾಗಿದ್ದಾಳೆ!”

“ಗೊತ್ತು ಎಥೆಲ್. ಆದ್ರೂ ಬೀದಿ ಅಂದ್ಮೇಲೆ ಒಂದು ಮರ್ಯಾದೆ ಬೇಡ್ವಾ? ನಿನ್ನ ಮನೇದೂ ನಾನೇ ಎಳೆದೆ. ನೀನು ಕೆಲಸದಲ್ಲಿದ್ಯಲ್ಲ.”

ಅವಳ ಹತ್ತಿರ ನನ್ನ ಮನೆಯ ಕೀಲಿ ಇದೆ, ಗೊತ್ತಲ್ಲ. ಬಾಗಿಲಲ್ಲಿ ಹೂವಿನ ಚಕ್ರ ಇತ್ತು, ಬಿಳಿ ಕಾರ್ನೇಷನ್. ‘ಗ್ಲೋರಿಯಾಗೆ, ಬೀದಿಯವರಿಂದ’. ಒಳಗೆ ಹೋದೆ. ಹಗಲಲ್ಲೇ ಕತ್ತಲೆ. ನಿಮ್ಮಪ್ಪ ಹೋದಾಗ ಆ ಕೋಣೆ ಹೀಗೇ ಇತ್ತು. ಕೋಟು ಬಿಚ್ಚದೆ ಅಲ್ಲೇ ಕೂತೆ. ಗೋಡೆಯ ಮೇಲೆ ನಿನ್ನ ಫೋಟೋ, ರಾಣಿಯ ಹಿಂಜೋಲು ಹಿಡಿದುಕೊಂಡು ನಿಂತದ್ದು, ರಾಣಿಯಾಗಿ ಅಲ್ಲ. ಅದು ಕತ್ತಲೆಯಲ್ಲಿ ಕಾಣಲಿಲ್ಲ, ಚೌಕಟ್ಟು ಮಾತ್ರ ಕಂಡಿತು. ನನ್ನ ಮಗಳನ್ನು ನಾನೇ ಕೊಂದೆ ಅನ್ನಿಸಿತು. ಹುಚ್ಚು ಅಂತ ನನಗೂ ಗೊತ್ತು. ಆದರೂ ಅನ್ನಿಸಿತು.

ಎದ್ದು ಪರದೆ ಎಳೆದು ತೆಗೆದೆ. ಎಷ್ಟು ಜೋರಾಗಿ ಎಳೆದೆ ಅಂದರೆ ಸರಳು ಗೋಡೆಯಿಂದ ಕಿತ್ತು ಬಂತು. ಈಗ ಬೀದಿಯವರೆಲ್ಲ ಮಾತಾಡುತ್ತಿದ್ದಾರೆ, ಹೆತ್ತವಳೇ ಮಣ್ಣಿನ ದಿನ ಪರದೆ ತೆಗೆದಳು ಅಂತ. ಮಾತಾಡಲಿ.

ಆ ಪತ್ರ ನಾನು ಬರೆದದ್ದು ಹೇಝಲ್. ಫೆಬ್ರವರಿಯಲ್ಲಿ, ಕಾರ್ಖಾನೆಯಲ್ಲಿ ಡಬ್ಬಿಗೆ ನಂಬರು ಬರೆಯುವ ಪೆನ್ನಿನಲ್ಲಿ. ರೋಚ್‌ಡೇಲ್‌ಗೆ ಎರಡು ಬಸ್ಸು ಬದಲಾಯಿಸಿ ಹೋಗಿ ಅಂಚೆಗೆ ಹಾಕಿದೆ. ಐವತ್ತು ಹೆಂಗಸರು ಅಂತ ಬರೆದದ್ದು ಸುಳ್ಳು, ಯಾರಿಗೂ ಹೇಳಿರಲಿಲ್ಲ. ಗ್ಲೋರಿಯಾ ತಪ್ಪಾಯಿತು ಅನ್ನಲಿ, ನೀನು ಜೂನಿನಲ್ಲಿ ಆ ವೇದಿಕೆ ಹತ್ತಲಿ, ಮಿಸೆಸ್ ಕ್ಲೆಗ್ ಕೆಳಗೆ ಕೂತು ನೋಡಲಿ, ಇಷ್ಟೇ ನನಗೆ ಬೇಕಿದ್ದದ್ದು. ಕಾರ್ಖಾನೆಯಲ್ಲಿ ಒಂದು ಚಪ್ಪಲಿಯ ಹೊಲಿಗೆ ಕೆಟ್ಟರೆ ಬಿಚ್ಚಿ ಮತ್ತೆ ಹೊಲಿಯುತ್ತೇವೆ. ಇವರು ಬಿಸಾಡುತ್ತಾರೆ ಅಂತ ನನಗೇನು ಗೊತ್ತು?

ಮಿಸೆಸ್ ಕ್ಲೆಗ್ ನಿನ್ನೆ ಬಂದಿದ್ದಳು. ಟೋಪಿ ಹಾಕಿಕೊಂಡು, ಕಣ್ಣೊರೆಸಿಕೊಳ್ಳುತ್ತಾ. “ಹೋದವರ ಮೇಲೆ ನಮಗೇನೂ ಸಿಟ್ಟಿಲ್ಲ ಮಿಸೆಸ್ ಪಿಲಿಂಗ್. ಹೇಝಲ್ ಬಂದು ಕಿರೀಟ ತೊಡಿಸಲಿ” ಅಂದಳು. “ನನ್ನ ಮಗಳು ಬರಲ್ಲ. ನಿಮ್ಮ ಹಿಂಜೋಲು ಈ ವರ್ಷ ನೀವೇ ಹೊಲಿದುಕೊಳ್ಳಿ” ಅಂದು ಬಾಗಿಲು ಹಾಕಿದೆ. ಟೀ ಕೊಡಲಿಲ್ಲ.

ಇನ್ನು ನೀನು ಏನು ಬೇಕಾದರೂ ಅನ್ನು.

ಅಮ್ಮ


ಹ್ಯಾಮರ್‌ಸ್ಮಿತ್
೨೯ ಮೇ ೧೯೬೬

ಅಮ್ಮ,

ಮಾರ್ಚಿನಲ್ಲೇ ಗೊತ್ತಿತ್ತು. ಆಲೂಗಡ್ಡೆ ಅನ್ನುವ ಮಾತು ಬಂದ ತಕ್ಷಣ ಗೊತ್ತಾಯಿತು. ಜಗತ್ತಿನಲ್ಲಿ ಇನ್ನು ಯಾರಮ್ಮ ಹಾಗೆ ಬರೆಯುತ್ತಾರೆ? ಎಲ್ಲರೂ ನಗುತ್ತಿದ್ದರು, ನಾನು ಟೀ ಕಪ್ಪು ಹಿಡಿದುಕೊಂಡು ನಗುತ್ತಾ ನಿಂತಿದ್ದೆ. ಆ ಕೋಣೆಯಲ್ಲಿ ಆವತ್ತು ಮಾಡಿದಷ್ಟು ಒಳ್ಳೆಯ ನಟನೆ ನಾನು ಯಾವತ್ತೂ ಮಾಡಿಲ್ಲ. ನಿನಗೆ ಸುಳಿವು ಕೊಟ್ಟೆ, ರೋಚ್‌ಡೇಲ್ ಅಂದೆ. ನೀನು ಮೊಣಕಾಲು ಅಂದೆ.

ನನಗೆ ಸಿಟ್ಟಿದೆ. ಈ ಪತ್ರ ಮುಗಿಯುವ ಹೊತ್ತಿಗೂ ಇರುತ್ತದೆ. ನಿನ್ನದೊಂದೇ ಪತ್ರದಿಂದ ಹೀಗಾಯಿತು ಅಂತ ನಾನು ಹೇಳುವುದಿಲ್ಲ, ಮೂಟೆಗಟ್ಟಲೆ ಬಂದಿದ್ದವು. ಆದರೆ ಲ್ಯಾಥಮ್ ಮೇಲಿನವರ ಸಭೆಗೆ ತೆಗೆದುಕೊಂಡು ಹೋದದ್ದು ನಿನ್ನದನ್ನೇ. ಎಲ್ಲಕ್ಕಿಂತ ಚೆನ್ನಾಗಿತ್ತಂತೆ.

ಈಗ ಒಂದು ದೊಡ್ಡ ಅಂಗಡಿಯಲ್ಲಿ ಕೈಗವಸು ಮಾರುತ್ತಿದ್ದೇನೆ. ಬೇರೆ ಎರಡು ಕಡೆ ನಟನೆಗೆ ಕೇಳಿದೆ. “ನಿಮ್ಮನ್ನ ನೋಡಿದ್ರೆ ಜನಕ್ಕೆ ಗ್ಲೋರಿಯಾನೇ ನೆನಪಾಗ್ತಾಳೆ” ಅಂದರು. ಮೊನ್ನೆ ಒಬ್ಬ ಹೆಂಗಸು ಕೈಗವಸು ಆರಿಸುತ್ತಿದ್ದವಳು ತಲೆಯೆತ್ತಿ ನನ್ನನ್ನು ನೋಡಿ, “ನೀನು ಸತ್ತೋದ್ಯಲ್ಲ!” ಅಂದು ಬೇರೆ ಕೌಂಟರಿಗೆ ಹೋದಳು. ಹೋಗಲಿ ಬಿಡು. ಆದರೆ ನನಗೆ ಇಪ್ಪತ್ತಾರು ವರ್ಷ ಅಮ್ಮ. ನನಗೆ ಬೇಕಿದ್ದದ್ದು ಅದೊಂದೇ, ಅದು ಮುಗಿದುಹೋಯಿತು. ಅಳಬಾರದು ಅಂದುಕೊಂಡಿದ್ದೆ, ಕೈಗವಸಿನ ಡಬ್ಬಿಗಳ ಹಿಂದೆ ಕೂತು ಅಳುತ್ತೇನೆ.

ಹೋದ ವಾರ ಸ್ಟುಡಿಯೋಗೆ ಹೋಗಿದ್ದೆ. ನಾನು ಮಾಡಿದ್ದರಲ್ಲಿ ಒಂದಾದರೂ ತುಣುಕು ಸಿಗಬಹುದೇ, ಮುಂದೆ ಯಾರಿಗಾದರೂ ತೋರಿಸಲು ಬೇಕಾಗುತ್ತದೆ ಅಂತ ಕೇಳಿದೆ. ಟೇಪು ಇಡುವ ಮುದುಕ ಪುಸ್ತಕ ತೆಗೆದು ಬೆರಳಾಡಿಸಿ ನೋಡಿದ. ಟೇಪಿಗೆ ದುಬಾರಿ ಬೆಲೆ, ಅದಕ್ಕೇ ಹಳೆಯದನ್ನು ಅಳಿಸಿ ಅದರ ಮೇಲೇ ಹೊಸದನ್ನು ಹತ್ತಿಸುತ್ತಾರೆ. ನನ್ನ ಏಪ್ರನ್ ದಿನದ ಮೇಲೆ ಕುದುರೆ ಓಟ ಹತ್ತಿಸಿದ್ದಾರೆ. ಕಿಟಕಿಯ ಹತ್ತಿರ ಅಳದೆ ನಿಂತದ್ದರ ಮೇಲೆ ಹವಾಮಾನ. ಆಲೂಗಡ್ಡೆಯ ಮೇಲೆ ಮಂತ್ರಿಯೊಬ್ಬರ ಭಾಷಣ. “ಎಲ್ಲಾ ಅಳಿಸಾಯ್ತು ಕಣಮ್ಮ” ಅಂದ, ಪಾಪ, ತಾನೇ ತಪ್ಪು ಮಾಡಿದವನ ಹಾಗೆ. ಎಂಟು ತಿಂಗಳು ನಾನು ಆ ಕೆಲಸ ಮಾಡಿದೆ ಅನ್ನುವುದಕ್ಕೆ ಎಲ್ಲೂ ಏನೂ ಇಲ್ಲ.

ಹಿಂತಿರುಗುವಾಗ ಲ್ಯಾಥಮ್ ಕೋಣೆಯ ಬಾಗಿಲು ತೆರೆದಿತ್ತು, ಅವರು ಊಟಕ್ಕೆ ಹೋಗಿದ್ದರು. ಫೈಲು ಮೇಜಿನ ಮೇಲೇ ಇತ್ತು. ನಿನ್ನ ಪತ್ರ ಕದ್ದುಕೊಂಡು ಬಂದೆ.

ಈಗ ಅದು ನನ್ನ ಮುಂದಿದೆ. ನಿನ್ನ ಹತ್ತಿರ ಎಷ್ಟು ಸಲ ಕೇಳಿದೆ, ಹೇಗೆ ಮಾಡಿದೆ ಅಂತ. ನಾಟಕ ಗೊತ್ತಾಗುವುದಿಲ್ಲ ಅಂದೆ. ಈ ಹಾಳಾದವಳು ಅಳದೆ ನಿಂತಾಗ ಎದ್ದು ಹೋಗಿ ಹಿತ್ತಲಲ್ಲಿ ಅತ್ತೆ ಅಂತ ನನಗೆ ಬರೆಯಲು ಏನಾಗಿತ್ತಮ್ಮ ನಿನಗೆ? ಲ್ಯಾಥಮ್‌ಗೆ ಬರೆಯಬೇಕಿತ್ತೇ? ನಾನು ಚೆನ್ನಾಗಿ ಮಾಡಿದೆ ಅನ್ನುವುದಕ್ಕೆ ಈ ಭೂಮಿಯ ಮೇಲೆ ಉಳಿದಿರುವುದು ಇದೊಂದೇ ಕಾಗದ, ಅದೂ ನನ್ನನ್ನು ತೆಗೆದುಹಾಕಿಸಿದ ಕಾಗದ. ಇದನ್ನು ಹರಿದು ಹಾಕಲೋ ಚೌಕಟ್ಟು ಹಾಕಿಸಲೋ ತಿಳಿಯದೆ ಮೂರು ದಿನದಿಂದ ಕೂತಿದ್ದೇನೆ.

ಇನ್ನೊಂದು. ನಾನು ಬರುವುದಿಲ್ಲ ಅಂತ ಮಿಸೆಸ್ ಕ್ಲೆಗ್‌ಗೆ ಹೇಳಲು ನಿನಗೆ ಯಾರು ಹೇಳಿದರು? ಮತ್ತೆ ನನ್ನ ಪರವಾಗಿ ನೀನೇ ತೀರ್ಮಾನ! ಬರುತ್ತೇನೆ ಅಂತ ಹೋಗಿ ಹೇಳು. ಆರು ತಿಂಗಳು ಬಸ್ಸಿನಲ್ಲಿ ಬೈಸಿಕೊಂಡಿದ್ದೇನೆ, ಹೊಡೆಸಿಕೊಂಡಿದ್ದೇನೆ, ಒಂದು ಮಧ್ಯಾಹ್ನವಾದರೂ ನನಗೇ ಅಂತ ಯಾರಾದರೂ ಚಪ್ಪಾಳೆ ತಟ್ಟಲಿ. ಹಿಂಜೋಲು ನೀನೇ ಹೊಲಿ, ಆ ಹೆಂಗಸು ಹೊಲಿದರೆ ಹುಡುಗಿ ಎಡವಿ ಬೀಳುತ್ತಾಳೆ.

ಜೂನ್ ಹದಿನೇಳನೇ ತಾರೀಕು ಶುಕ್ರವಾರ ಮ್ಯಾಂಚೆಸ್ಟರಿನಿಂದ ನಾಲ್ಕು ಗಂಟೆಯ ಬಸ್ಸಿಗೆ ಬರುತ್ತೇನೆ. ಪರದೆಯ ಸರಳು ಸರಿಮಾಡಿಸಿರು. ಎಳೆಯುವುದಕ್ಕಲ್ಲ, ನೇತು ಬಿದ್ದಿದ್ದರೆ ಚೆನ್ನಾಗಿ ಕಾಣುವುದಿಲ್ಲ. ನಿನ್ನನ್ನು ಕ್ಷಮಿಸಿದೆ ಅಂದುಕೊಳ್ಳಬೇಡ. ಬಂದ ಮೇಲೆ ಜಗಳವಿದೆ.

ರಾತ್ರಿಯೂಟಕ್ಕೆ ಆಲೂಗಡ್ಡೆ ತಂದಿಡು. ನಾನೇ ಸುಲಿಯುತ್ತೇನೆ, ನನಗೆ ಬರುವ ಹಾಗೇ. ಟೇಪು ಉಳಿದಿಲ್ಲ, ಆದ್ದರಿಂದ ಈ ಸಲ ಎದುರಿಗೆ ಕುರ್ಚಿ ಹಾಕಿಕೊಂಡು ಕೂತು ನೋಡು. ಮುಗಿದ ಮೇಲೆ ಹೇಗಿತ್ತು ಅಂತ ಕೇಳುತ್ತೇನೆ. ನನಗೇ ಹೇಳು.

ಹೇಝಲ್ ಪಿಲಿಂಗ್